ಜಿಂಕೆ ಕಾಡಿನಲ್ಲಿರಲಿ, ಹುಣಿಸೆ ಒಲೆಗೆ ಬರಲಿ

ಜಿಂಕೆಯ ಮಾಂಸಕ್ಕೆ ಸಮನಾದ ರುಚಿ ಬೇರೊಂದಿಲ್ಲವೆಂದು ನುಡಿಯುವವರು ಎಲ್ಲೆಡೆಯೂ ಉಂಟು. ಗೋಕಾಕ, ಮೂಡಲಗಿ, ಹುಕ್ಕೇರಿಗಳ ಸೀಮೆಯೂ ಇದಕ್ಕೆ ಹೊರತಲ್ಲ. ಯೂರೋಪಿನವರು ಅದನ್ನು ಹುಳಿಸಿಹಿ ಹಣ್ಣಿನ ಗೊಜ್ಜಿನೊಡನೆ ಉಣ್ಣುತ್ತಾರೆ. ಇದಕ್ಕೆ ಕಾರಣವುಂಟು. ಆ ಮಾಂಸದಲ್ಲಿ ಕೊಬ್ಬು ನೂರಕ್ಕೆ 2-3 ಪಾಲು ಮಾತ್ರ. ಬೆಂದಾಗ ಬೇಗನೆ ಒಣಗುತ್ತದೆ, ವಾಸನೆಯೂ ಗಾಢ. ಹಣ್ಣಿನ ರಸವು ಅದಕ್ಕೆ ತೇವವನ್ನೂ ಹದವನ್ನೂ ಕೊಡುತ್ತದೆ.

ಆದರೆ ನಮ್ಮ ದೇಶದಲ್ಲಿ 1972ರ ವನ್ಯಜೀವಿ ಸಂರಕ್ಷಣಾ ಕಾಯಿದೆಯಂತೆ ಜಿಂಕೆಯನ್ನು ಬೇಟೆಯಾಡುವುದು ಅಪರಾಧ. ಅದರ ಮಾಂಸವನ್ನು ಇಟ್ಟುಕೊಳ್ಳುವುದೂ ಅಪರಾಧ. ಹಾಗಾದರೆ ರುಚಿಯನ್ನೇ ತೊರೆಯಬೇಕೆ? ಬೇಕಿಲ್ಲ. ರುಚಿಯ ಮರ್ಮವು ಬೇಟೆಯಲ್ಲಿಲ್ಲ, ರಸಾಯನದಲ್ಲಿದೆ ಎಂಬುದೇ ನಮ್ಮ ವಾದ.

ಆಡಿನ ಮಾಂಸವನ್ನೇ ತೆಗೆದುಕೊಳ್ಳಿರಿ. ಹುಣಿಸೆಯ ಟಾರ್ಟಾರಿಕ್ ಆಮ್ಲವು ಮೇಲ್ಪದರದ ಪ್ರೋಟೀನುಗಳನ್ನು ಸಡಿಲಿಸುತ್ತದೆ. ಹಸಿ ಪಪ್ಪಾಯಿಯ ಹಾಲಿನಲ್ಲಿರುವ ಪಪೈನ್ ಎಂಬ ಕಿಣ್ವವು ಅವನ್ನು ತುಂಡರಿಸುತ್ತದೆ. ಹೆಚ್ಚು ಹೊತ್ತು ಬಿಟ್ಟರೆ ಮಾಂಸ ಮುದ್ದೆಯಾದೀತು. ಇವೆರಡೂ ಬಹಳ ಆಳಕ್ಕೆ ಇಳಿಯಲಾರವು. ಒಳಗಿನ ಬಿಗಿಯನ್ನು ಕಳೆಯಲು ಸಣ್ಣ ಉರಿಯೂ ತಾಳ್ಮೆಯೂ ಬೇಕು: ಸುಮಾರು 70 ಡಿಗ್ರಿ ಸೆಂಟಿಗ್ರೇಡ್ ದಾಟಿದ ಮೇಲೆ ಗಟ್ಟಿಯಾದ ಕೊಲಾಜೆನ್ ಮೆಲ್ಲಮೆಲ್ಲನೆ ಮೃದುವಾದ ಜೆಲಾಟಿನ್ ಆಗುತ್ತದೆ.

ಈ ಕಬ್ಬಿನ ಸೀಮೆಯಲ್ಲಿ ಬೆಲ್ಲಕ್ಕೆ ಬರವಿಲ್ಲ. ಬೆಲ್ಲ ಬೆರೆತ ಹುಣಿಸೆಯ ಗೊಜ್ಜು ಯಾವ ವಿದೇಶೀ ಹಣ್ಣಿನ ರಸಕ್ಕೂ ಕಡಿಮೆಯಲ್ಲ. ವಿಜ್ಞಾನವನ್ನು ಓದುವ ತರುಣರು ಮನೆಯ ಒಲೆಯ ಮುಂದೆಯೂ ಅದನ್ನು ಬಳಸಲಿ. ಕೋವಿಯಿಂದ ದೊರೆಯುವ ರುಚಿಗಿಂತ ಅರಿವಿನಿಂದ ದೊರೆಯುವ ರುಚಿ ಮೇಲೆಂದು ನಾವು ನಂಬುತ್ತೇವೆ.