ಬಿದನೂರು ಕೆಟ್ಟದ್ದು ಯಾರಿಂದ?

ಹೆಣ್ಣು, ಹೊನ್ನು, ಮಣ್ಣು ಎಂಬ ಮೂರರಿಂದ ರಾಜ್ಯಗಳು ಕೆಡುತ್ತವೆಂದು ನಮ್ಮ ಹಿರಿಯರು ಹೇಳುತ್ತ ಬಂದಿದ್ದಾರೆ. ಬಿದನೂರಿನ ಮಟ್ಟಿಗೆ ಈ ಮೂರರಲ್ಲಿ ಕೊನೆಯ ಎರಡು ನಿಜ. ಮೊದಲನೆಯದನ್ನು ಕಥೆ ಹೇಳುವವರು ಸೇರಿಸಿದರು. ಇದೇ ನನ್ನ ವಾದ. ಇದನ್ನು ಒಪ್ಪದ ಮಿತ್ರರು ಬಹಳ ಮಂದಿ ಇದ್ದಾರೆಂಬುದನ್ನು ಬಲ್ಲೆ. ಅವರಿಗಾಗಿಯೇ ಇದನ್ನು ಬರೆಯುತ್ತಿದ್ದೇನೆ.

ಈಚೆಗೆ ನಮ್ಮ ಕಡೆಯ ಒಂದು ಸಭೆಯಲ್ಲಿ ಹಿರಿಯ ಭಾಷಣಕಾರರೊಬ್ಬರು ಕೆಳದಿಯ ಅರಸರ ಚರಿತ್ರೆಯನ್ನು ಒಂದು ಗಂಟೆಯ ಕಾಲ ಸೊಗಸಾಗಿಯೇ ಹೇಳಿದರು. ಹಿರಿಯ ವೆಂಕಟಪ್ಪನಾಯಕ ಬಂದ, ಶಿಸ್ತಿನ ಶಿವಪ್ಪನಾಯಕ ಬಂದ, ರಾಜಾರಾಮನಿಗೆ ಆಶ್ರಯವಿತ್ತ ಚೆನ್ನಮ್ಮಾಜಿ ಬಂದಳು. ಅಲ್ಲಿಯ ವರೆಗೆ ಎಲ್ಲವೂ ಗಂಭೀರ. ವೀರಮ್ಮಾಜಿಯ ಹೆಸರು ಬಂದೊಡನೆ ಆ ಮಹನೀಯರ ಧ್ವನಿ ಇಳಿಯಿತು, ತುಟಿಯಲ್ಲಿ ಒಂದು ನಗೆ ಮೂಡಿತು. ರಾಣಿಯ ಪ್ರಿಯಕರನ ಹೆಸರು, ಅವನ ಕುಲ, ಅವನು ಅಂತಃಪುರಕ್ಕೆ ಬರುತ್ತಿದ್ದ ಬಗೆ, ಇವಕ್ಕೆಲ್ಲ ಹತ್ತು ನಿಮಿಷ ಸಂದವು. ಸಭೆ ನಕ್ಕಿತು. ಮುಂದಿನ ಸಾಲುಗಳಲ್ಲಿದ್ದ ನನ್ನ ತರಗತಿಯ ಹೆಣ್ಣುಮಕ್ಕಳು ತಲೆ ತಗ್ಗಿಸಿಕೊಂಡು ಕುಳಿತಿದ್ದರು.

ಶಿರೂರಿನವನಾದ ನನಗೆ ಬಿದನೂರು ಪರನಾಡಲ್ಲ. ಹೊಸಂಗಡಿಯಿಂದ ಬಾಳೆಬರೆ ಘಾಟಿ ಹತ್ತಿದರೆ ಅದೇ ಊರು. ಇಂದಿನ ಹೆಸರು ನಗರ. ನಮ್ಮ ಕರಾವಳಿ ನೂರಾರು ವರ್ಷ ಘಟ್ಟದ ಮೇಲಿನ ಆ ಅರಸರ ಕೈಯಲ್ಲಿತ್ತು. ಬಸರೂರಿನ ಅಕ್ಕಿ, ಘಟ್ಟದ ಕಾಳುಮೆಣಸು ಇವೇ ಅವರ ಬೊಕ್ಕಸವನ್ನು ತುಂಬಿದ್ದು. ಆದ್ದರಿಂದ ಬಿದನೂರು ಹೇಗೆ ಬಿತ್ತೆಂಬುದು ನಮ್ಮ ಮನೆಯ ಲೆಕ್ಕವೂ ಹೌದು.

ಕಥೆ ವಾಚಕರಿಗೆ ಗೊತ್ತಿರಬಹುದು. ಇಮ್ಮಡಿ ಬಸಪ್ಪನಾಯಕನು 1754ರಲ್ಲಿ ತೀರಿಕೊಂಡ ಮೇಲೆ ದತ್ತುಪುತ್ರ ಚೆನ್ನಬಸಪ್ಪನಾಯಕನು ಪಟ್ಟಕ್ಕೆ ಬಂದನು. ರಾಣಿಯ ನಡತೆಯನ್ನು ಆಕ್ಷೇಪಿಸಿದ್ದಕ್ಕಾಗಿ ಅವನನ್ನು ಅಭ್ಯಂಜನದ ಹೊತ್ತಿನಲ್ಲಿ ಜೆಟ್ಟಿಯೊಬ್ಬನ ಕೈಯಿಂದ ಕುತ್ತಿಗೆ ಮುರಿಸಿ ಕೊಲ್ಲಿಸಿದರಂತೆ. ರಾಣಿ 1757ರಲ್ಲಿ ಸೋಮಶೇಖರನೆಂಬ ಬೇರೊಬ್ಬ ಹುಡುಗನನ್ನು ದತ್ತು ತೆಗೆದುಕೊಂಡು ಆಳತೊಡಗಿದಳು. 1763ರ ಮೊದಲ ತಿಂಗಳುಗಳಲ್ಲಿ ಹೈದರಾಲಿ ಒಬ್ಬ ಯುವಕನನ್ನು ಮುಂದಿಟ್ಟುಕೊಂಡು, 'ಇವನೇ ಚೆನ್ನಬಸಪ್ಪ, ನ್ಯಾಯವಾದ ಅರಸು' ಎಂದು ಸಾರುತ್ತ ದಂಡೆತ್ತಿ ಬಂದನು. ಬಿದನೂರು ಬಿತ್ತು.

ಈ ಕಥೆಯ ಬಹುಪಾಲು ನಮಗೆ ದೊರೆತದ್ದು ಕರ್ನಲ್ ಮಾರ್ಕ್ ವಿಲ್ಕ್ಸನ ಪುಸ್ತಕದಿಂದ. ಮೈಸೂರಿನಲ್ಲಿ ಇಂಗ್ಲಿಷರ ರೆಸಿಡೆಂಟನಾಗಿದ್ದ ಅವನು ತನ್ನ ಇತಿಹಾಸದ ಮೊದಲ ಸಂಪುಟವನ್ನು ಪ್ರಕಟಿಸಿದ್ದು 1810ರಲ್ಲಿ. ಎಂದರೆ ಆ ಕೊಲೆ ನಡೆಯಿತೆನ್ನುವ ಕಾಲಕ್ಕೂ ಪುಸ್ತಕಕ್ಕೂ ಐವತ್ತಕ್ಕೆ ಮೀರಿದ ವರ್ಷಗಳ ಅಂತರ. ವಿಲ್ಕ್ಸ್ ಹೈದರನ ಸ್ನೇಹಿತನೇನೂ ಅಲ್ಲ, ಅದನ್ನು ಒಪ್ಪೋಣ. ಆದರೆ ಅವನು ಕಥೆಯನ್ನು ಕೇಳಿದ್ದು ಬಿದನೂರನ್ನು ಗೆದ್ದ ರಾಜ್ಯದಲ್ಲಿ ಕುಳಿತು. ಸೋತವಳ ಕಡೆಯ ಸಾಕ್ಷಿಗಳು ಆ ಹೊತ್ತಿಗೆ ಎಲ್ಲಿದ್ದರು?

ಅದೂ ಹೋಗಲಿ. ಕಥೆಯೊಳಗಿನ ತರ್ಕವನ್ನೇ ನೋಡಿ. ಚೆನ್ನಬಸಪ್ಪನನ್ನು ರಾಣಿ ಕೊಲ್ಲಿಸಿದ್ದು ನಿಜವಾದರೆ ಹೈದರನು ತಂದ ಅರಸು ಸುಳ್ಳು. ಆ ಅರಸು ನಿಜವಾದರೆ ಕೊಲೆ ಸುಳ್ಳು. ಕರುಣೆಯಿಂದ ಜೆಟ್ಟಿಯೇ ತನ್ನನ್ನು ಬಚ್ಚಿಟ್ಟು ಉಳಿಸಿದನೆಂದು ಆ ಯುವಕನು ಹೇಳಿಕೊಂಡನಂತೆ. ಅದನ್ನು ನಂಬುವವರು ನಂಬಲಿ, ಆದರೆ ಆಗ ರಾಣಿಯನ್ನು ಕೊಲೆಗಾರ್ತಿಯೆಂದು ಕರೆಯುವುದನ್ನಾದರೂ ಬಿಡಬೇಕಷ್ಟೆ. ನಮ್ಮ ಭಾಷಣಕಾರರಿಗೆ ಎರಡೂ ಬೇಕು. ಒಂದೇ ಉಸಿರಿನಲ್ಲಿ ಹುಡುಗನನ್ನು ಕೊಂದೂ ಬಿಡುತ್ತಾರೆ, ಬದುಕಿಸಿ ಕುದುರೆಯ ಮೇಲೆ ಕೂರಿಸಿಯೂ ಬಿಡುತ್ತಾರೆ.

ಇನ್ನು 'ನ್ಯಾಯವಾದ ಅರಸ'ನ ಗತಿ ಏನಾಯಿತು? ಬಿದನೂರು ಕೈಗೆ ಬಂದ ಮೇಲೆ ಹೈದರನು ರಾಣಿಯನ್ನೂ ಅವಳ ದತ್ತುಮಗನನ್ನೂ ಮಧುಗಿರಿಯ ಸೆರೆಗೆ ಕಳಿಸಿದನು. ಆ ಯುವಕನನ್ನೂ ಅಲ್ಲಿಗೇ ಕಳಿಸಿದನು! ಪಟ್ಟಕ್ಕೆ ಹಕ್ಕುದಾರನೆಂದು ತಂದವನೂ, ಹಕ್ಕಿಲ್ಲದವಳೆಂದು ಇಳಿಸಿದವಳೂ ಒಂದೇ ಕೋಟೆಯ ಕೈದಿಗಳು. ರಾಜಧಾನಿಗೆ ಹೈದರನಗರವೆಂದು ಹೊಸ ಹೆಸರು ಬಂದಿತು. ಧರ್ಮ ಸ್ಥಾಪನೆಗೆ ಬಂದವರು ಹೀಗೆ ಮಾಡುವುದುಂಟೆ? ಮತ್ತೆ, ಬಂದವನಾದರೂ ಯಾರು? ಎರಡು ವರ್ಷದ ಹಿಂದೆ, 1761ರಲ್ಲಿ, ಮೈಸೂರಿನ ಅರಸನನ್ನು ಹೆಸರಿಗೆ ಮಾತ್ರ ಅರಮನೆಯಲ್ಲಿ ಉಳಿಸಿ, ತನ್ನನ್ನು ವಿರೋಧಿಸಿದ ಖಂಡೇರಾಯನನ್ನು ಕಬ್ಬಿಣದ ಪಂಜರದಲ್ಲಿಟ್ಟು ಅಧಿಕಾರ ಹಿಡಿದವನು. ಅವನ ಶೌರ್ಯವನ್ನೂ ಬುದ್ಧಿಯನ್ನೂ ನಾನು ಅಲ್ಲಗಳೆಯುವುದಿಲ್ಲ. ಆದರೆ ಉತ್ತರಾಧಿಕಾರದ ನ್ಯಾಯವನ್ನು ಎತ್ತಿ ಹಿಡಿಯಲು ಅವನು ಘಟ್ಟ ಹತ್ತಿದನೆಂದರೆ ಅದನ್ನು ಯಕ್ಷಗಾನದ ಹಾಸ್ಯಗಾರನೂ ಹೇಳಲಾರ.

ದತ್ತಿನ ಮಾತಿಗೆ ಬರೋಣ. ವೀರಮ್ಮಾಜಿ ಬೇರೆ ಹುಡುಗನನ್ನು ದತ್ತು ತೆಗೆದುಕೊಂಡದ್ದು ಅಧಿಕಾರದ ಆಸೆಯಿಂದ ಎನ್ನುತ್ತಾರೆ. 1672ರಲ್ಲಿ ಪಟ್ಟಕ್ಕೆ ಬಂದ ಚೆನ್ನಮ್ಮಾಜಿಯೂ ದತ್ತು ತೆಗೆದುಕೊಂಡಳು, ಅದೂ ಅರಸುಮನೆತನದ ಹುಡುಗನನ್ನಲ್ಲ, ವ್ಯಾಪಾರಿಯೊಬ್ಬನ ಮಗ ಬಸಪ್ಪನನ್ನು. ಅದಕ್ಕೆ ನಾವು ದೂರದೃಷ್ಟಿ ಎಂದು ಹೆಸರಿಟ್ಟಿದ್ದೇವೆ, ಇಡತಕ್ಕದ್ದೇ. ಇಬ್ಬರೂ ಗಂಡನ ಬಳಿಕ ಆಳಿದವರು, ಇಬ್ಬರೂ ದತ್ತಿನ ಹೆಸರಿನಲ್ಲಿ ಮನೆತನವನ್ನು ನಿಲ್ಲಿಸಲು ಹೊರಟವರು. ಚೆನ್ನಮ್ಮಾಜಿ ಔರಂಗಜೇಬನ ಸೈನ್ಯದೆದುರು ಉಳಿದಳು, ವೀರಮ್ಮಾಜಿ ಹೈದರನ ಎದುರು ಉಳಿಯಲಿಲ್ಲ. ಉಳಿದವಳು ಸಾಧ್ವಿ, ಅಳಿದವಳು ಜಾರೆ. ಶೀಲವನ್ನು ಯುದ್ಧದ ಫಲಿತಾಂಶ ನೋಡಿ ತೀರ್ಮಾನಿಸುವ ಈ ಶಾಸ್ತ್ರ ಗಂಡಸರಿಗೆ ಅನ್ವಯಿಸುವುದಿಲ್ಲವೆಂಬುದನ್ನು ಮಾತ್ರ ಗಮನಿಸಬೇಕು.

ಆ ಮನೆತನದಲ್ಲಿ ಪಟ್ಟದ ತೊಡಕು ವೀರಮ್ಮಾಜಿಯಿಂದ ಮೊದಲಾಯಿತೆ? 1645ರಲ್ಲಿ ಮಕ್ಕಳಿಲ್ಲದ ವೀರಭದ್ರನಾಯಕನಿಂದ ರಾಜ್ಯ ವರಸೆಯಲ್ಲಿ ಚಿಕ್ಕಪ್ಪನಾದ ಶಿವಪ್ಪನಾಯಕನಿಗೆ ಬಂದಿತು. ಮಗನಿಂದ ಮಗನಿಗೆ ಇಳಿಯಬೇಕಾದದ್ದು ಕೆಳಗಿನ ತಲೆಮಾರಿನಿಂದ ಮೇಲಿನದಕ್ಕೆ ಏರಿತು. ಶಿವಪ್ಪನು ದೊಡ್ಡ ಅರಸು. ಅವನ ಭೂಕಂದಾಯದ ಶಿಸ್ತನ್ನು ಇಂದಿಗೂ ಕೊಂಡಾಡುತ್ತೇವೆ, ಶಿವಮೊಗ್ಗದ ಕೃಷಿ ವಿಶ್ವವಿದ್ಯಾಲಯಕ್ಕೆ ಅವನ ಹೆಸರಿದೆ. ಆದರೆ 1660ರಲ್ಲಿ ಅವನು ತೀರಿದ ಮೇಲೆ ಹನ್ನೆರಡು ವರ್ಷದಲ್ಲಿ ಮೂವರು ಅರಸರು ಆಗಿಹೋದರು. ಮೂರನೆಯವನಾದ ಸೋಮಶೇಖರನಾಯಕನು ಕೊಲೆಯಾದನು. ಅಲ್ಲಿಯೂ ತಪ್ಪು ಯಾರದು? ಕಲಾವತಿ ಎಂಬ ನರ್ತಕಿಯದಂತೆ! ಅವಳು ಅರಸನ ಬುದ್ಧಿ ಕೆಡಿಸಿದಳಂತೆ. ಕತ್ತಿ ಹಿಡಿದವರ ಹೆಸರನ್ನು ಮರೆತ ನಮಗೆ ಕಾಲಿಗೆ ಗೆಜ್ಜೆ ಕಟ್ಟಿದವಳ ಹೆಸರು ಮಾತ್ರ ಚೆನ್ನಾಗಿ ನೆನಪಿದೆ.

ಇದು ಕನ್ನಡ ನಾಡಿನ ಒಂದು ರೋಗವೆಂದು ಯಾರೂ ತಿಳಿಯಬೇಕಾಗಿಲ್ಲ. ಸಿಂಹಾಸನದ ಜಗಳದಲ್ಲಿ ಹೆಣ್ಣನ್ನು ಹುಡುಕುವ ಅಭ್ಯಾಸದ ಹಳೆಯ ಮಾದರಿಗಳನ್ನು ನೋಡಬೇಕಾದರೆ ಪ್ರಾಚೀನ ಚೀನದ ರಾಜ್ಯಗಳ ಚರಿತ್ರೆಯನ್ನು ಓದಬೇಕು. ಅಲ್ಲಿ ಜಿನ್ ಎಂಬ ರಾಜ್ಯವಿತ್ತು. ಅದರ ದೊರೆ ಷಿಯೆನ್ ಒಂದು ಯುದ್ಧದಲ್ಲಿ ಲೀ ಜಿ ಎಂಬ ಹೆಣ್ಣನ್ನು ಗೆದ್ದು ತಂದನು. ತನ್ನ ಮಗನಿಗೆ ಪಟ್ಟ ಕಟ್ಟಿಸಬೇಕೆಂದು ಅವಳು ನೈವೇದ್ಯದ ಮಾಂಸಕ್ಕೆ ವಿಷ ಬೆರೆಸಿ ಆ ಪಾಪವನ್ನು ಯುವರಾಜನ ಮೇಲೆ ಹೊರಿಸಿದಳೆಂದೂ, ಕ್ರಿ.ಪೂ. 656ರಲ್ಲಿ ಯುವರಾಜ ಶೆನ್‌ಷೆಂಗ್ ಆತ್ಮಹತ್ಯೆ ಮಾಡಿಕೊಂಡನೆಂದೂ, ಇನ್ನೊಬ್ಬ ಮಗ ಚೊಂಗ್‌ಎರ್ ಹತ್ತೊಂಬತ್ತು ವರ್ಷ ಊರೂರು ಅಲೆದು ಕ್ರಿ.ಪೂ. 636ರಲ್ಲಿ ಹಿಂತಿರುಗಿ ಪಟ್ಟವೇರಿದನೆಂದೂ ಅಲ್ಲಿಯ ಚರಿತ್ರೆಗಳು ಹೇಳುತ್ತವೆ. ಹೆಣ್ಣಿನ ಮತ್ಸರದಿಂದ ರಾಜ್ಯ ಕೆಟ್ಟಿತೆಂಬುದಕ್ಕೆ ಚೀನೀಯರಿಗೆ ಇದೊಂದು ಪಾಠವೇ ಆಗಿಹೋಯಿತು.

ಸ್ವಲ್ಪ ಹಿಂದಿನ ಪುಟಗಳನ್ನು ತಿರುವಿದರೆ ಬೇರೆಯೇ ಚಿತ್ರ. ಲೀ ಜಿ ಅಲ್ಲಿಗೆ ಬರುವುದಕ್ಕೆ ಮೊದಲೇ, ಕ್ರಿ.ಪೂ. 745ರಿಂದ 678ರ ವರೆಗೆ, ಆ ರಾಜ್ಯದಲ್ಲಿ ಕಿರಿಯ ಶಾಖೆಯವರು ಹಿರಿಯ ಶಾಖೆಯ ಮೇಲೆ ಯುದ್ಧ ಹೂಡಿ, ಒಬ್ಬರ ಮೇಲೊಬ್ಬ ದೊರೆಯನ್ನು ಕೊಂದು, ಕಡೆಗೆ ಆ ವಂಶವನ್ನೇ ಅಳಿಸಿದರು. ಗೆದ್ದವನು ಝೌ ಚಕ್ರವರ್ತಿಗೆ ಕಪ್ಪವಿತ್ತು ಧರ್ಮದ ಮುದ್ರೆ ಒತ್ತಿಸಿಕೊಂಡನು. ಅವನ ಮಗನೇ ಈ ಷಿಯೆನ್. ಇವನು ಪಟ್ಟಕ್ಕೆ ಬಂದ ಕೆಲವೇ ವರ್ಷಗಳಲ್ಲಿ ತನ್ನ ದಾಯಾದಿಗಳನ್ನೆಲ್ಲ ಕೊಲ್ಲಿಸಿದನು. ಇಂಥ ಮನೆಗೆ ಸೆರೆಯಾಳಾಗಿ ಬಂದ ಒಬ್ಬ ಹೆಣ್ಣು ಅಲ್ಲಿಯವರಿಗೆ ಕೊಲೆಯ ವಿದ್ಯೆಯನ್ನು ಕಲಿಸಬೇಕಾಗಿತ್ತೆ? ಮತ್ತೆ, ಷಿಯೆನ್ ಸತ್ತೊಡನೆ ಅವಳ ಮಗನನ್ನು ಕೊಂದವನು ಗಂಡಸು, ಮಂತ್ರಿ. ಪಟ್ಟ ಬೇಕೆಂದವರನ್ನು ಮುಂದಿಟ್ಟುಕೊಂಡು ದಂಡು ಕಳಿಸಿದವನು ಪಡುವಣ ನೆರೆಯ ದೊರೆ ಮು. ಮೊದಲು ಒಬ್ಬನನ್ನು ಕೂರಿಸಿದ, ಅವನು ಕೊಡುತ್ತೇನೆಂದಿದ್ದ ನೆಲವನ್ನು ಕೊಡದೆ ಹೋದಾಗ ಮುಂದೆ ಚೊಂಗ್‌ಎರ್‌ನನ್ನು ಕೂರಿಸಿದ. ನಮ್ಮ ಹೈದರನ ಉಪಾಯ ಎಷ್ಟು ಹಳೆಯದೆಂಬುದು ಇದರಿಂದ ತಿಳಿಯುತ್ತದೆ.

ಇದಕ್ಕಿಂತಲೂ ಸ್ವಾರಸ್ಯವಾದದ್ದು ಬಾವೋ ಸಿಯ ಕಥೆ. ಝೌ ಅರಸ ಯೋ ಅವಳನ್ನು ನಗಿಸುವುದಕ್ಕಾಗಿ ಅಪಾಯದ ದೀವಿಗೆಗಳನ್ನು ಸುಮ್ಮಸುಮ್ಮನೆ ಹೊತ್ತಿಸಿದನಂತೆ, ಸಾಮಂತರು ಓಡಿ ಬಂದು ಪೆಚ್ಚಾದರಂತೆ, ಕ್ರಿ.ಪೂ. 771ರಲ್ಲಿ ನಿಜವಾಗಿ ಶತ್ರು ಬಂದಾಗ ಯಾರೂ ಬರಲಿಲ್ಲವಂತೆ. ಮಹಾ ಇತಿಹಾಸಕಾರ ಸಿಮಾ ಚಿಯೆನ್ ಇದನ್ನು ಬರೆದನು, ಎರಡು ಸಾವಿರ ವರ್ಷ ಎಲ್ಲರೂ ನಂಬಿದರು. 2008ರಲ್ಲಿ ಬೀಜಿಂಗಿನ ಚಿಂಗ್‌ಹುವಾ ವಿಶ್ವವಿದ್ಯಾಲಯಕ್ಕೆ ಹಳೆಯ ಬಿದಿರಿನ ಪಟ್ಟಿಗಳು ದೊರೆತವು. 2011ರಲ್ಲಿ ಅವುಗಳಲ್ಲಿನ ಒಂದು ಚರಿತ್ರೆ ಅಚ್ಚಾಯಿತು. ಅದು ಸಿಮಾ ಚಿಯೆನ್ನನಿಗಿಂತ ಹಿಂದಿನದು. ಬಾವೋ ಸಿಯ ಹೆಸರು ಅದರಲ್ಲಿದೆ, ದೀವಿಗೆಯ ಕಥೆ ಇಲ್ಲ! ಪಟ್ಟ ತಪ್ಪಿಸಿಕೊಂಡು ಓಡಿಹೋದ ಮಗನನ್ನು ಹಿಡಿಯಲು ಅರಸನೇ ಮಾವನ ರಾಜ್ಯಕ್ಕೆ ಮುತ್ತಿಗೆ ಹಾಕಿದನು, ಅವರು ಹೊರಗಿನವರನ್ನು ಕೂಡಿಕೊಂಡು ಅವನನ್ನು ಮುಗಿಸಿದರು ಎಂಬುದಷ್ಟೇ ಅಲ್ಲಿಯ ಸುದ್ದಿ. ಹೆಣ್ಣಿನ ನಗುವಿನಿಂದ ಕೆಟ್ಟಿತೆಂದ ರಾಜ್ಯ ಅಪ್ಪ ಮಕ್ಕಳ ಕದನದಿಂದ ಕೆಟ್ಟಿತ್ತು.

ಹಾಗಾದರೆ ಬಿದನೂರಿಗೆ ನಿಜವಾಗಿ ಆದದ್ದೇನು? ಕಾಳುಮೆಣಸು, ಅಡಿಕೆ, ಅಕ್ಕಿಗಳಿಂದ ಕೂಡಿಟ್ಟ ಹೊನ್ನು ಅಲ್ಲಿತ್ತು. ಆ ಹೊನ್ನಿಗೆ ಮರಾಠರು ಕಣ್ಣಿಟ್ಟು ಕಪ್ಪ ಕೇಳುತ್ತಿದ್ದರು. ಮೈಸೂರಿನ ಬೊಕ್ಕಸ ಬರಿದಾಗಿತ್ತು, ಸಿಪಾಯಿಗಳಿಗೆ ಸಂಬಳ ಕೊಡಬೇಕಾಗಿತ್ತು. ತನ್ನ ಏಳಿಗೆಗೆಲ್ಲ ಬಿದನೂರೇ ತಳಹದಿಯೆಂದು ಹೈದರನೇ ಹೇಳಿಕೊಳ್ಳುತ್ತಿದ್ದನಂತೆ. ಅವನಿಗಿಂತ ಚೆನ್ನಾಗಿ ಇದನ್ನು ಬಲ್ಲವರು ಯಾರು? ರಾಣಿ ಹಣ ಕೊಡುತ್ತೇನೆಂದು ಹೇಳಿಕಳಿಸಿದಳು, ಅವನು ಹತ್ತಿರವಾದಂತೆಲ್ಲ ಮೊತ್ತವನ್ನು ಏರಿಸಿದಳು. ಇಡಿಯ ಬೊಕ್ಕಸವೇ ಕಣ್ಣೆದುರಿಗಿರುವಾಗ ಅವನು ಪಾಲಿಗೆ ಒಪ್ಪುವನೆ? ಊರಿನ ಸುತ್ತಲಿನ ಕಾಡು ಮತ್ತು ಬೇಲಿಗಳು ಆ ರಾಜಧಾನಿಯ ಕೋಟೆಯಾಗಿದ್ದವು. ಆ ಕಾಡಿನೊಳಗಿನ ಗುಟ್ಟಿನ ದಾರಿಯನ್ನು ಹೈದರನಿಗೆ ತೋರಿಸಿದವನು ಬಿದನೂರಿನದೇ ಹಳೆಯ ಮಂತ್ರಿ, ಲಿಂಗಣ್ಣ. ರಾಣಿ ಅವನನ್ನು ಕುಂಸಿಯಲ್ಲಿ ಸೆರೆಯಲ್ಲಿಟ್ಟಿದ್ದಳು, ಅವನಿಗೆ ಹಗೆ ಇತ್ತು ಎಂಬುದು ನಿಜ. ಮುಂಬಾಗಿಲಲ್ಲಿ ಕಾಳಗದ ಸದ್ದು ನಡೆಯುತ್ತಿರುವಾಗ ಹೈದರನು ಹಿಂದಿನಿಂದ ಊರೊಳಗೆ ಬಂದಿದ್ದನು. ಅರಮನೆಗೆ ಬೆಂಕಿ ಕೊಟ್ಟು ರಾಣಿ ಬಲ್ಲಾಳರಾಯನದುರ್ಗಕ್ಕೆ ಹೋದಳು. ಓಡಿದಳೆಂದು ನಗುವವರು, ಬೆಂಕಿ ಕೊಟ್ಟು ಹೋದಳೆಂಬುದನ್ನೂ ಸೇರಿಸಿ ಹೇಳಬೇಕು.

ಅವಳ ಶೀಲ ಶುದ್ಧವಾಗಿತ್ತೆಂದು ಸಾಧಿಸುವ ಹಟ ನನಗಿಲ್ಲ. ಅದು ನನಗೆ ಬೇಕಾಗಿಯೂ ಇಲ್ಲ. ನಮ್ಮ ಅರಸರಲ್ಲಿ ಎಷ್ಟು ಮಂದಿಯ ಅಂತಃಪುರದ ಲೆಕ್ಕವನ್ನು ನಾವು ಕೇಳಿದ್ದೇವೆ? ಲೆಕ್ಕ ಸಿಕ್ಕಿದರೂ ಅದನ್ನು ವೈಭವವೆಂದು ಬರೆಯುತ್ತೇವೆ.

ಕರಾವಳಿಯವರಾದ ನಾವು ಈ ವಿಷಯದಲ್ಲಿ ಉಳಿದವರಿಗಿಂತ ಸ್ವಲ್ಪ ಹೆಚ್ಚು ನಾಚಬೇಕು. ಆಸ್ತಿ ಹೆಣ್ಣಿನ ಕಡೆಯಿಂದ ಇಳಿಯುವ ಅಳಿಯಸಂತಾನದ ನಾಡು ನಮ್ಮದು. 1949ರ ಮದರಾಸು ಕಾಯಿದೆ, 1956ರ ಹಿಂದೂ ಉತ್ತರಾಧಿಕಾರ ಕಾಯಿದೆಗಳು ಬಂದು ಅದು ಸಡಿಲವಾಗುವ ವರೆಗೆ ಎಷ್ಟೋ ಮನೆಗಳಲ್ಲಿ ಯಜಮಾನ್ತಿಯೇ ಕುಟುಂಬದ ತಲೆಯಾಗಿದ್ದಳು. ಆ ಕಟ್ಟಳೆಯ ಹುಟ್ಟಿಗೆ ನಾವು ಹೇಳುವ ಬಾರಕೂರಿನ ಭೂತಾಳಪಾಂಡ್ಯನ ಕಥೆಯನ್ನೇ ಕೇಳಿ: ಕುಂಡೋದರನಿಗೆ ಬಲಿಯಾಗಿ ತನ್ನ ಮಗುವನ್ನು ಕೊಡಲು ಹೆಂಡತಿ ಒಪ್ಪಲಿಲ್ಲ, ತಂಗಿ ಒಪ್ಪಿದಳು, ಆದ್ದರಿಂದ ಆಸ್ತಿ ಅಳಿಯನಿಗೆ. ಮಗುವನ್ನು ಕೊಲ್ಲಲು ಬಿಡೆನೆಂದ ತಾಯಿಯೇ ಇಲ್ಲಿ ತಪ್ಪಿತಸ್ಥೆ! ಬಲಿ ಕೇಳಿದವನನ್ನು ಯಾರೂ ಆಕ್ಷೇಪಿಸಿಲ್ಲ.

ಇದೆಲ್ಲ ಹಳೆಯ ಕಥೆ, ಈಗ ಯಾತಕ್ಕೆ ಎಂದು ಕೇಳುವವರುಂಟು. ನಮ್ಮ ಪಂಚಾಯತಿಗಳಲ್ಲಿ 1993ರ ಕಾಯಿದೆಯಿಂದ ಮೂರರಲ್ಲಿ ಒಂದು ಪಾಲು, 2010ರ ತಿದ್ದುಪಡಿಯಿಂದ ಅರ್ಧದಷ್ಟು ಸ್ಥಾನ ಹೆಂಗಸರಿಗಿದೆ. ಯಾವ ಊರಿನಲ್ಲಾದರೂ ಒಬ್ಬ ಹೆಂಗಸು ಅಧ್ಯಕ್ಷೆಯಾದೊಡನೆ ಚಹಾದಂಗಡಿಯ ಬೆಂಚಿನ ಮೇಲೆ ಏಳುವ ಮೊದಲನೆಯ ಪ್ರಶ್ನೆ ರಸ್ತೆಯದಲ್ಲ, ನೀರಿನದಲ್ಲ. 'ಇವಳ ಹಿಂದೆ ಇರುವವನು ಯಾರು?' ಎಂಬುದು. ಆ ಬೆಂಚಿಗೂ ನಮ್ಮ ಸಭೆಯ ವೇದಿಕೆಗೂ ಎತ್ತರದಲ್ಲಿ ಮಾತ್ರ ವ್ಯತ್ಯಾಸ.

ಭಾಷಣ ಮುಗಿದ ಮೇಲೆ ಹೊರಗೆ ನಿಂತಿದ್ದ ನಾಲ್ಕಾರು ಮಂದಿಯನ್ನು ನಾನು ಕೇಳಿ ನೋಡಿದೆ. ರಾಣಿಯ ಪ್ರಿಯಕರನೆಂದು ಹೇಳಲಾದವನ ಹೆಸರು ಎಲ್ಲರಿಗೂ ನೆನಪಿತ್ತು. ಶತ್ರುವಿಗೆ ಕಾಡಿನ ದಾರಿ ತೋರಿಸಿದ ಮಂತ್ರಿಯ ಹೆಸರು ಒಬ್ಬರಿಗೂ ಗೊತ್ತಿರಲಿಲ್ಲ. ಭಾಷಣದಲ್ಲಿ ಅದು ಬಂದೇ ಇರಲಿಲ್ಲ.