ವಾರ್ತೆಯೂ ಸಂತೆಯೂ

ಸಂಸ್ಕೃತದ ‘ವಾರ್ತಾ’ ಶಬ್ದಕ್ಕೆ ಸುದ್ದಿಯೆಂಬುದೊಂದೇ ಅರ್ಥವಲ್ಲ. ಕೃಷಿ, ಪಶುಪಾಲನೆ, ವಾಣಿಜ್ಯಗಳೆಂಬ ಮೂರನ್ನೂ ಕೂಡಿಸಿ ಕೌಟಿಲ್ಯನು ವಾರ್ತೆಯೆಂದು ಕರೆದು, ವಿದ್ಯೆಗಳ ಪಂಕ್ತಿಯಲ್ಲಿಯೇ ಅದಕ್ಕೆ ಮಣೆ ಹಾಕಿದನು. ಹೊಲವನ್ನೂ ಅಂಗಡಿಯನ್ನೂ ಹೀಗೆ ಒಂದೆಡೆ ಇಟ್ಟು ನೋಡುವ ಕೆಲಸವನ್ನು ನಮ್ಮ ನಾಡಿನಲ್ಲಿಯೇ ಮಾಡಿದ ವಿದುಷಿಯೊಬ್ಬರ ವಿಚಾರವನ್ನು ಈ ತಿಂಗಳು ವಾಚಕರ ಮುಂದಿಡುತ್ತೇವೆ.

ಇವರು ಸ್ಕಾರ್ಲೆಟ್ ಎಪ್‌ಸ್ಟೈನ್ ಎಂಬ ಮಾನವಶಾಸ್ತ್ರಜ್ಞೆ. 1922ರಲ್ಲಿ ವಿಯೆನ್ನಾದಲ್ಲಿ ಹುಟ್ಟಿದವರು. 1954ರಲ್ಲಿ ಮಂಡ್ಯದ ಸೀಮೆಗೆ ಬಂದು, ಎರಡು ಹಳ್ಳಿಗಳಲ್ಲಿ ಇದ್ದು, ಕಂಡದ್ದನ್ನು 1962ರಲ್ಲಿ ಗ್ರಂಥವಾಗಿಸಿದರು. ವಂಗಲ, ದಲೇನ ಎಂಬುವು ಆ ಹಳ್ಳಿಗಳಿಗೆ ಆಕೆಯಿಟ್ಟ ಕಲ್ಪಿತ ನಾಮಗಳು; ನಕಾಶೆಯಲ್ಲಿ ಹುಡುಕುವ ಶ್ರಮ ವಾಚಕರಿಗೆ ಬೇಡ.

ಕೃಷ್ಣರಾಜಸಾಗರದ ಕಾಲುವೆಯ ನೀರು ವಂಗಲಕ್ಕೆ ಹರಿಯಿತು. ದಲೇನದ ಭೂಮಿ ಎತ್ತರದಲ್ಲಿದ್ದುದರಿಂದ ಒಣಗಿಯೇ ಉಳಿಯಿತು. ವಂಗಲದವರು ಕಬ್ಬು ಬೆಳೆದು, 1933ರಲ್ಲಿ ಮಂಡ್ಯದಲ್ಲಿ ಸ್ಥಾಪಿತವಾದ ಸಕ್ಕರೆ ಕಾರ್ಖಾನೆಗೆ ಮಾರಿ ಹಣವಂತರಾದರು. ಆದರೆ ಒಕ್ಕಲಿಗೂ ಆಳಿಗೂ ಇದ್ದ ಹಳೆಯ ಸಂಬಂಧ ಹಾಗೆಯೇ ನಿಂತಿತು. ನೀರಿಲ್ಲದ ದಲೇನದವರೋ ಪಟ್ಟಣದ ಕಡೆಗೆ ಮುಖಮಾಡಿದರು. ಊರಲ್ಲಿ ವಾಸ, ಮಂಡ್ಯದಲ್ಲಿ ಉದ್ಯೋಗ; ಕೆಲವರು ವ್ಯಾಪಾರಕ್ಕಿಳಿದರು, ಕೆಲವರು ಬೇರೆ ಊರಲ್ಲಿ ನೀರಾವರಿ ಹೊಲ ಕೊಂಡರು. ನಡೆನುಡಿ ಬದಲಾದುದು ಈ ಒಣಹಳ್ಳಿಯಲ್ಲಿ ಹೆಚ್ಚು! ಇದರಲ್ಲಿ ನಷ್ಟವೂ ಇತ್ತು. ಹಳೆಯ ಕಟ್ಟಿನಲ್ಲಿ ಆಳಿಗೆ ಸುಗ್ಗಿಯ ಪಾಲು ಬೆಳೆ ಬಂದರೂ ಹೋದರೂ ಸಲ್ಲುತ್ತಿತ್ತು. ಕಟ್ಟು ಹರಿದಾಗ ಆ ಆಸರೆಯೂ ಹೋಯಿತು. ಆ ಕಟ್ಟು ದಾಸ್ಯವೂ ಆಗಿತ್ತೆಂಬುದನ್ನು ನಾವು ಮರೆತಿಲ್ಲ.

ಇನ್ನು ನಮ್ಮ ಸೀಮೆ. 1982ರಲ್ಲಿ ನಾರಾಯಣಪುರದ ಅಣೆಕಟ್ಟು ಮುಗಿದ ತರುವಾಯ ಕೃಷ್ಣೆಯ ನೀರು ಸುರಪುರ, ಶಹಾಪುರಗಳ ಹೊಲಗಳನ್ನು ಹೊಕ್ಕಿತು. ಯಾದಗಿರಿಯ ಮಗ್ಗುಲಿನ ಬಳಿಚಕ್ರದಂತಹ ಊರುಗಳಲ್ಲಿ ತೊಗರಿ, ಜೋಳ, ಶೇಂಗಾ ಬೆಳೆಗಳು ಮಳೆಯನ್ನೇ ಬಹುವಾಗಿ ನಂಬಿವೆ. ಹಾಗಾದರೆ ನಾವು ದಲೇನದವರೇ? ಅಲ್ಲವೆಂದು ನಮ್ಮ ಅಭಿಪ್ರಾಯ. ದಲೇನದವನ ಮಂಡ್ಯ ಸಮೀಪದಲ್ಲಿತ್ತು. ಸಂಜೆಗೆ ಮನೆಯ ಅನ್ನ ಉಣ್ಣುತ್ತಿದ್ದನು. ನಮ್ಮವರ ಪಟ್ಟಣವು ಬೆಂಗಳೂರು, ಮುಂಬಯಿ, ಹೈದರಾಬಾದುಗಳಷ್ಟು ದೂರ. ಅದಕ್ಕೆ ಉದ್ಯೋಗವೆನ್ನುವುದಿಲ್ಲ, ಗುಳೆಯೆನ್ನುತ್ತೇವೆ. ದಲೇನದವನು ಪಟ್ಟಣದಿಂದ ಕಸುಬನ್ನು ಊರಿಗೆ ತಂದನು. ಗುಳೆ ಹೋದವನು ಕೂಲಿಯನ್ನಷ್ಟೇ ತರುತ್ತಾನೆ, ಅದೂ ಮುಂಗಡದ ಲೆಕ್ಕದಲ್ಲಿ ಕರಗಿಹೋಗದಿದ್ದರೆ.

ಮಾಸ್ತರಿಕೆ ಮಾಡಿದ ನಮಗೆ ಗುಳೆಯೆಂದರೆ ಹಾಜರಿ ಪುಸ್ತಕವೇ ನೆನಪಿಗೆ ಬರುತ್ತದೆ. ದೀಪಾವಳಿಯಾಚೆ ಕೆಲವು ಹೆಸರುಗಳ ಮುಂದೆ ಗೈರುಹಾಜರಿಯ ಗುರುತು ಯುಗಾದಿಯವರೆಗೂ ಸಾಲಾಗಿ ನಿಲ್ಲುತ್ತಿತ್ತು. ಮರಳಿ ಬಂದ ಹುಡುಗನಿಗೆ ಮೂರು ಭಾಷೆಯ ಬೈಗುಳ ಬರುತ್ತಿತ್ತು, ಮಗ್ಗಿ ಮರೆತಿರುತ್ತಿತ್ತು. ಅಜ್ಜಿಯ ಬಳಿ ಉಳಿದ ಮಕ್ಕಳು ಮಾತ್ರ ಪಾಠ ತಪ್ಪಿಸುತ್ತಿರಲಿಲ್ಲ.

2009ರಲ್ಲಿ ಯಾದಗಿರಿ ಜಿಲ್ಲೆಯಾಯಿತು. ರೈಲು ಮೊದಲೇ ಇತ್ತು. ಕಚೇರಿಗಳು ಬಂದುವು, ಅಂಗಡಿಗಳು ಹೆಚ್ಚಿದುವು. ಆ ಅಂಗಡಿಗಳಲ್ಲಿ ಬಳಿಚಕ್ರದ ಹುಡುಗನು ಕೊಳ್ಳುವವನಾಗಿ ನಿಲ್ಲುತ್ತಾನೆಯೋ, ಗಲ್ಲೆಯ ಮೇಲೆ ಕೂಡುತ್ತಾನೆಯೋ ಎಂಬುದನ್ನು ಎಪ್‌ಸ್ಟೈನರಂತೆ ಯಾರಾದರೂ ಇಲ್ಲಿಯೇ ಮನೆಮಾಡಿ, ಮನೆಮನೆಯ ಲೆಕ್ಕ ಬರೆದು ನೋಡಬೇಕು. ಆಕೆ 1970ರಲ್ಲಿ ಅದೇ ಹಳ್ಳಿಗಳಿಗೆ ಮತ್ತೊಮ್ಮೆ ಬಂದು ನೋಡಿಹೋದರು. ನಮ್ಮಲ್ಲಿ ಮೊದಲನೆಯ ಲೆಕ್ಕವೇ ಇನ್ನೂ ಆಗಬೇಕಾಗಿದೆ.