ಮೊಹರಿಗಿಂತ ಮೊದಲು

ಮಕ್ಕಳೇ, ಹೋದ ವಾರ ನನ್ನಾಕೆ ಸಹಿ ಹಾಕಿದ್ದ ಅಫಿಡವಿಟ್ ಹಿಡಿದು ಮೊಮ್ಮಗಳ ಜೊತೆ ನೋಟರಿಯವರ ಬಳಿ ಹೋಗಿದ್ದೆ. "ಅಮ್ಮ ಎಲ್ಲಿ?" ಎಂದರು. "ಮೊಣಕಾಲು ನೋವು, ಬಂದಿಲ್ಲ" ಎಂದೆ. "ನನ್ನೆದುರೇ ಸಹಿ ಹಾಕಬೇಕು ಸಾರ್" ಎಂದು ಕಾಗದ ವಾಪಸು ಕೊಟ್ಟರು. ನನಗೆ ಸಿಟ್ಟು ಬಂತು.

"ತಾತ, ಆ ಮೊಹರು ಅಂಗಡೀಲಿ ಸಿಗಲ್ವಾ?" ಎಂದಳು ಮೊಮ್ಮಗಳು.

ಮೊಹರು ಸಿಕ್ಕೀತು, ಅಧಿಕಾರ ಸಿಗದು. 1952ರ ಕಾಯ್ದೆಯಂತೆ ನೋಟರಿಯನ್ನು ನೇಮಿಸುವುದು ರಾಜ್ಯ ಅಥವಾ ಕೇಂದ್ರ ಸರ್ಕಾರ. ಅರ್ಜಿ ಹಾಕುವ ವಕೀಲರಿಗೆ ಕನಿಷ್ಠ 10 ವರ್ಷದ ಅನುಭವ ಬೇಕು. ಮಹಿಳೆಯರಿಗೆ, ಪರಿಶಿಷ್ಟರಿಗೆ, ಹಿಂದುಳಿದ ವರ್ಗದವರಿಗೆ 7 ವರ್ಷ ಸಾಕು. ಅರ್ಜಿ ಪರಿಶೀಲನೆಯಾಗಿ, ಶುಲ್ಕ ಕಟ್ಟಿ, ರಿಜಿಸ್ಟರಿನಲ್ಲಿ ಹೆಸರು ಸೇರಿದರೆ 5 ವರ್ಷದ ಪ್ರಮಾಣಪತ್ರ ಸಿಗುತ್ತದೆ. ಆಮೇಲೆ ನವೀಕರಿಸಬೇಕು. ಮೊಹರು 5 ಸೆಂಟಿಮೀಟರ್ ಅಗಲದ ಗುಂಡಗಿನದು. ಅದರಲ್ಲಿ ಅವರ ಹೆಸರು, ಪ್ರದೇಶ, ನೋಂದಣಿ ಸಂಖ್ಯೆ ಇರುತ್ತವೆ. ತಪ್ಪು ನಡೆದರೆ ಸರ್ಕಾರ ಹೆಸರನ್ನೇ ತೆಗೆದುಹಾಕಬಹುದು.

"ಅಜ್ಜಿ ಬರದೆ ಮೊಹರು ಬಿದ್ದರೆ, ನಾಳೆ ಯಾರೋ ಅಜ್ಜಿ ಹೆಸರಲ್ಲಿ ಮನೆಯನ್ನೇ ಬರೆಸಿಕೊಂಡಾರು" ಎಂದು ಅವಳಿಗೆ ಹೇಳುತ್ತಲೇ ನನ್ನ ಸಿಟ್ಟು ಇಳಿಯಿತು. ಬ್ಯಾಂಕಿನಲ್ಲಿ "ಖಾತೆದಾರರೇ ಬರಲಿ" ಎಂದು ನಾನೂ ಎಷ್ಟು ಜನರನ್ನು ಕಳಿಸಿಲ್ಲ!

ಮರುದಿನ ಅಜ್ಜಿಯನ್ನು ಆಟೋದಲ್ಲಿ ಕರೆದೊಯ್ದೆವು. ನೋಟರಿಯವರು ರಿಜಿಸ್ಟರ್ ಹಿಡಿದು ತಾವೇ ಆಟೋ ಬಳಿ ಬಂದರು.